ಟಿಟಿಕಾಕಾದ ತೇಲುವ ದ್ವೀಪಗಳು: ಹೋದರೆ ಒಂದು ರಾತ್ರಿ ಉಳಿದೇ ಬನ್ನಿ

ಪೆರುವಿನ ಟಿಟಿಕಾಕಾ ಸರೋವರದಲ್ಲಿ ಜೊಂಡಿನಿಂದ ಕಟ್ಟಿದ ಉರೋಸ್ ದ್ವೀಪಗಳಿಗೆ ನಾನು ಎರಡು ದಿನದಲ್ಲಿ ಎರಡು ಸಲ ಹೋದೆ. ಮೊದಲ ಸಲ ಎಲ್ಲರ ಹಾಗೆ ಅರ್ಧ ದಿನದ ಟೂರ್. ದೋಣಿ ಇಳಿದೆವು, ಹೆಂಗಸರು ಹಾಡಿ ಬರಮಾಡಿಕೊಂಡರು, ಪುಟ್ಟ ಮಾದರಿ ಇಟ್ಟುಕೊಂಡು ದ್ವೀಪ ಹೇಗೆ ಕಟ್ಟುತ್ತಾರೆ ಅಂತ ತೋರಿಸಿದರು, ಕಸೂತಿ ಬಟ್ಟೆ ಹರಡಿದರು. ಅಷ್ಟರಲ್ಲಿ ಗೈಡ್ ಹೊರಡೋಣ ಅಂದ. ಇದೆಲ್ಲ ಸುಮ್ನೆ ನಾಟಕ ಅಂತ ಬೈದುಕೊಂಡೇ ವಾಪಸ್ ಬಂದೆ. ಎರಡನೇ ಸಲ ಅಲ್ಲೇ ಒಂದು ಮನೆಯಲ್ಲಿ ರಾತ್ರಿ ಉಳಿದೆ. ಬೈದಿದ್ದು ತಪ್ಪು ಅಂತ ಆಮೇಲೆ ಅನ್ನಿಸಿತು.

ಮೊದಲು ಎತ್ತರದ ವಿಷಯ, ಯಾಕಂದ್ರೆ ನಾನು ಎಡವಿದ್ದು ಅಲ್ಲೇ. ಟಿಟಿಕಾಕಾ ಸರೋವರ ಇರುವುದು ಸಮುದ್ರ ಮಟ್ಟದಿಂದ ಸುಮಾರು 3,810 ಮೀಟರ್ ಮೇಲೆ. ನಾನು ಲಿಮಾದಿಂದ ಸೀದಾ ಸರೋವರದ ಹತ್ತಿರದ ಊರು ಹುಲಿಯಾಕಾಕ್ಕೆ ವಿಮಾನದಲ್ಲಿ ಬಂದಿಳಿದೆ. ಲಿಮಾ ಕಡಲ ತೀರದ ಊರು. ಅವತ್ತು ರಾತ್ರಿಯೆಲ್ಲ ತಲೆ ಸಿಡಿಯಿತು, ಮಹಡಿ ಹತ್ತಿದರೆ ಏದುಸಿರು, ಊಟ ಸೇರಲಿಲ್ಲ. ನೀವು ಹೀಗೆ ಮಾಡಬೇಡಿ. ಅರೆಕಿಪಾ ಸುಮಾರು 2,300 ಮೀಟರ್ ಎತ್ತರದಲ್ಲಿದೆ, ಅಲ್ಲಿ ಎರಡು ಮೂರು ದಿನ ಇದ್ದು, ಬಸ್ಸಿನಲ್ಲಿ ಸರೋವರದ ದಡದ ಊರು ಪುನೊಗೆ ಬನ್ನಿ. ಆರು ಗಂಟೆಯ ದಾರಿ. ಕುಸ್ಕೊ ಕಡೆಯಿಂದಲೂ ಬಸ್ಸಿದೆ. ಮಾತ್ರೆ ಬೇಕಾ ಬೇಡವಾ ಅಂತ ಹೊರಡುವ ಮುಂಚೆಯೇ ಡಾಕ್ಟರ್ ಹತ್ತಿರ ಕೇಳಿಕೊಳ್ಳಿ. ಅಲ್ಲಿ ಎಲ್ಲರೂ ಕೋಕಾ ಎಲೆಯ ಟೀ ಕೊಡುತ್ತಾರೆ, ಕುಡಿಯಿರಿ. ಆದರೆ ನೆನಪಿಗೆ ಇರಲಿ ಅಂತ ಎಲೆಯನ್ನು ಬ್ಯಾಗಿಗೆ ಹಾಕಿಕೊಳ್ಳಬೇಡಿ. ಪೆರುವಿನಲ್ಲಿ ತೊಂದರೆ ಇಲ್ಲ, ಕೊಕೇನ್ ತೆಗೆಯುವುದು ಇದೇ ಎಲೆಯಿಂದ ಆದ್ದರಿಂದ ಹೊರಗೆ ಬಹಳ ದೇಶಗಳಲ್ಲಿ ಅದು ಅಪರಾಧ.

ಪುನೊ ಬಂದರಿನಿಂದ ದ್ವೀಪಗಳಿಗೆ ಮೋಟಾರು ದೋಣಿಯಲ್ಲಿ ಅರ್ಧ ಗಂಟೆಯೂ ಇಲ್ಲ. ಎರಡೂ ಕಡೆ ಆಳೆತ್ತರದ ಜೊಂಡು, ನಡುವೆ ನೀರಿನ ದಾರಿ. ಈ ಜೊಂಡಿಗೆ ಅಲ್ಲಿ ತೊತೊರಾ ಅಂತಾರೆ. ಉರೋಸ್‌ನಲ್ಲಿ ಅದೇ ನೆಲ, ಅದೇ ಗೋಡೆ, ಅದೇ ದೋಣಿ. ಹಸಿವಾದರೆ ಅದೇ ತಿಂಡಿ ಕೂಡ. ಬುಡದ ಬಿಳಿ ಭಾಗವನ್ನು ಬಾಳೆಹಣ್ಣಿನ ಹಾಗೆ ಸುಲಿದು ತಿನ್ನುತ್ತಾರೆ. ನನಗೂ ಒಂದು ಕೊಟ್ಟರು. ಬರೀ ನೀರು ನೀರು, ರುಚಿ ಅಂತ ಹೇಳುವಂಥದ್ದೇನಿಲ್ಲ.

ಕಾಲಿಟ್ಟ ತಕ್ಷಣ ನೆಲ ಸ್ವಲ್ಪ ಕುಸಿಯುತ್ತದೆ, ಪಾದ ಎತ್ತಿದರೆ ಮತ್ತೆ ಉಬ್ಬುತ್ತದೆ. ಕೆಳಗಡೆ ಇರುವುದು ಖಿಲಿ, ಅಂದರೆ ಜೊಂಡಿನ ಬೇರು ಮತ್ತು ಮಣ್ಣು ಹೆಣೆದುಕೊಂಡ ದಪ್ಪ ಗಡ್ಡೆ. ಮಳೆಗಾಲದಲ್ಲಿ ನೀರೇರಿದಾಗ ಇದು ತಳ ಬಿಟ್ಟು ತೇಲುತ್ತದೆ. ಆಗ ಉದ್ದನೆಯ ಗರಗಸದಿಂದ ದೊಡ್ಡ ದೊಡ್ಡ ತುಂಡಾಗಿ ಕೊಯ್ದು, ಎಳೆದು ತಂದು, ಗೂಟ ಹೊಡೆದು ಹಗ್ಗದಲ್ಲಿ ಒಂದಕ್ಕೊಂದು ಬಿಗಿಯುತ್ತಾರೆ. ಅದರ ಮೇಲೆ ಜೊಂಡನ್ನು ಒಂದು ಸಾಲು ಉದ್ದ, ಒಂದು ಸಾಲು ಅಡ್ಡ ಹಾಸುತ್ತಾ ಹೋಗುತ್ತಾರೆ. ಆಮೇಲೆ ದ್ವೀಪವನ್ನು ಸರೋವರದ ತಳಕ್ಕೆ ಕಟ್ಟಿಹಾಕುತ್ತಾರೆ. ಕಟ್ಟದಿದ್ದರೆ ಬೆಳಗ್ಗೆ ಸರೋವರದ ಆಚೆ ದಡದ ಬೊಲಿವಿಯಾದಲ್ಲಿ ಕಣ್ಣು ಬಿಡಬೇಕಾಗುತ್ತೆ ಅಂತ ಗೈಡ್ ತಮಾಷೆ ಮಾಡಿದ. ಅಕ್ಕಪಕ್ಕದ ಮನೆಯವರು ಜಗಳವಾಡಿದರೆ ದ್ವೀಪವನ್ನೇ ಕೊಯ್ದು ಬೇರೆಯಾಗುತ್ತಾರಂತೆ. ಪಾಲು ಮಾಡಿಕೊಳ್ಳೋದು ಇಷ್ಟು ಸುಲಭ ಬೇರೆಲ್ಲಿದೆ ಹೇಳಿ!

ಟೂರಿನಲ್ಲಿ ಕಾಣದೇ ಇದ್ದದ್ದು ಸಂಜೆ ಕಂಡಿತು. ಪ್ರವಾಸಿಗಳ ದೋಣಿಗಳೆಲ್ಲ ಹೋದ ಮೇಲೆ ಮನೆಯೊಡತಿ ಅಂಗಳದಲ್ಲಿ ಬರಿಗಾಲಲ್ಲಿ ಓಡಾಡುತ್ತಾ ಅಲ್ಲಲ್ಲಿ ಒತ್ತಿ ನೋಡಿದಳು. ಒಂದು ಕಡೆ ಹಿಮ್ಮಡಿ ಇಟ್ಟಾಗ ಕಂದು ನೀರು ಜಿನುಗಿತು. ಗಂಡನನ್ನು ಕೂಗಿದಳು. ಅವನು ಹಸಿರು ಜೊಂಡಿನ ಹೊರೆ ತಂದು ಬಿಚ್ಚಿದ, ಇಬ್ಬರೂ ಕೂತು ಹಾಸಿದರು. ಕೆಳಗಿನದು ಕೊಳೆಯುತ್ತಲೇ ಇರುತ್ತದೆ, ಮೇಲೆ ಹೊಸದು ಬೀಳುತ್ತಲೇ ಇರಬೇಕು. ಮಳೆಗಾಲದಲ್ಲಿ ಇನ್ನೂ ಜಾಸ್ತಿ. ಮನೆಯನ್ನೇ ಎತ್ತಿ ಅದರಡಿಗೂ ಹಾಸುತ್ತಾರೆ. ಬೆಳಗ್ಗೆ ನಮಗೆ ಹಾಡು ಹೇಳಿದ್ದೂ ಇಂಥದ್ದೇ ಕೆಲಸ ಮಾಡುವವರು, ಅಲ್ವಾ? ಅಡುಗೆಯ ಮಣ್ಣಿನ ಒಲೆಯನ್ನು ಕಲ್ಲುಚಪ್ಪಡಿಯ ಮೇಲೆ ಇಟ್ಟಿದ್ದರು. ಸುತ್ತ ಎಲ್ಲವೂ ಒಣಹುಲ್ಲು, ಕಿಡಿ ಹಾರಿದರೆ ಮುಗೀತು. ಹಾಗಾಗಿ ಅಲ್ಲಿ ಬೀಡಿ ಸಿಗರೇಟು ಬೇಡವೇ ಬೇಡ.

ಇವರ ಹಳೆಯ ಉರು ಭಾಷೆ ಈಗ ಉಳಿದಿಲ್ಲ, ಮನೆಯಲ್ಲಿ ಮಾತು ಐಮಾರಾ. ‘ಕಮಿಸರಾಕಿ’ ಅಂದರೆ ಹೇಗಿದ್ದೀರಿ. ‘ವಾಲಿಕಿ’ ಅಂದರೆ ಚೆನ್ನಾಗಿದ್ದೀನಿ. ಇವೆರಡು ಕಲಿತು ಹೋಗಿ, ಮುಖ ಅರಳುತ್ತದೆ. ಮುಂದಿನ ಮಾತಿಗೆ ಸ್ಪ್ಯಾನಿಷ್ ಬೇಕು, ನಾನಂತೂ ಕೈಸನ್ನೆಯಲ್ಲೇ ಕಾಲ ಹಾಕಿದೆ.

ಜೂನ್, ಜುಲೈ ಅಲ್ಲಿ ಚಳಿಗಾಲ. ಆಕಾಶ ಸ್ವಚ್ಛ, ಆದರೆ ರಾತ್ರಿ ಸೊನ್ನೆಗಿಂತ ಕೆಳಗೆ ಹೋಗುತ್ತದೆ. ಡಿಸೆಂಬರಿನಿಂದ ಮಾರ್ಚ್‌ವರೆಗೆ ಮಳೆ. ಕಂಬಳಿ ಮೂರು ಕೊಟ್ಟಿದ್ದರು, ಆದರೂ ಉಣ್ಣೆ ಟೋಪಿ ತೆಗೆಯಲಿಲ್ಲ. ಹಗಲಲ್ಲಿ ಇದರ ಉಲ್ಟಾ, ತಂಪು ಗಾಳಿಗೆ ಬಿಸಿಲು ಗೊತ್ತೇ ಆಗುವುದಿಲ್ಲ. ನನ್ನ ಕತ್ತಿನ ಹಿಂಭಾಗ ಸುಟ್ಟು ಸಿಪ್ಪೆ ಎದ್ದಿತ್ತು.

ಮನೆಯನ್ನು ಮೊದಲೇ ಗೊತ್ತು ಮಾಡಿಕೊಂಡರೆ ಅವರೇ ಬಂದರಿಗೆ ದೋಣಿ ತರುತ್ತಾರೆ. ಊಟ ಸೇರಿದೆಯಾ, ವಾಪಸ್ ಬಿಡುತ್ತಾರಾ ಅಂತ ಆಗಲೇ ಕೇಳಿ. ಅಲಂಕಾರದ ಜೊಂಡಿನ ದೋಣಿ ಹತ್ತುವ ಮುಂಚೆಯೂ ದರ ಕೇಳಿ, ಅದಕ್ಕೆ ಬೇರೆ ದುಡ್ಡು. ಸೋಲ್ (ಪೆರುವಿನ ಹಣ) ನೋಟುಗಳನ್ನು ಪುನೊದಲ್ಲೇ ಚಿಲ್ಲರೆ ಮಾಡಿಸಿಕೊಳ್ಳಿ. ಕುಡಿಯುವ ನೀರು, ಟಾರ್ಚ್ ಇರಲಿ. ದೀಪಕ್ಕೆ ಸೋಲಾರ್ ಇದೆ, ಫೋನ್ ಚಾರ್ಜ್ ಆಗುತ್ತೆ ಅಂತ ನಂಬಬೇಡಿ. ನಿಮ್ಮ ಕಸ ನೀವೇ ವಾಪಸ್ ತನ್ನಿ.

ಇನ್ನೊಂದು ಜೊತೆ ಕಾಲುಚೀಲ ಮರೆಯಬೇಡಿ. ನಾನು ಶೂ ಬಿಚ್ಚಿ ಬಾಗಿಲ ಹೊರಗೆ ಬಿಟ್ಟಿದ್ದೆ. ಹೊಸದಾಗಿ ಹಾಸಿದ ಜಾಗ ಅಲ್ವಾ, ಒಣಗಿರುತ್ತೆ ಅಂದುಕೊಂಡಿದ್ದೆ. ಬೆಳಗ್ಗೆ ನೋಡಿದರೆ ಇಬ್ಬನಿಗೆ ನೆನೆದು, ಹೆಪ್ಪುಗಟ್ಟಿ, ಮರದ ತುಂಡಿನಂತಾಗಿದ್ದವು. ಮನೆಯೊಡತಿ ನಗುತ್ತಾ ಎತ್ತಿಕೊಂಡು ಹೋಗಿ ಒಲೆ ಪಕ್ಕದ ಕಲ್ಲಿನ ಮೇಲೆ ಇಟ್ಟಳು. ದೋಣಿ ಅರ್ಧ ಗಂಟೆ ತಡವಾಗಿ ಹೊರಟಿತು.