ಪುಣೆಯಲ್ಲಿ ಎರಡು ಸಲ ಬರುವ ಗೌರಿ

ಕರ್ನಾಟಕದ ಚಾಂದ್ರಮಾನ ಪಂಚಾಂಗಕ್ಕೂ ಮಹಾರಾಷ್ಟ್ರದ ಪಂಚಾಂಗಕ್ಕೂ ಮೂಲದಲ್ಲಿ ಭೇದವಿಲ್ಲ. ಎರಡೂ ಕಡೆ ಶಾಲಿವಾಹನ ಶಕೆ, ಎರಡೂ ಕಡೆ ಅಮಾವಾಸ್ಯೆಗೆ ಮುಗಿಯುವ ಮಾಸ. ನಮ್ಮ ಯುಗಾದಿಯ ದಿನವೇ ಅವರು ಗುಢಿ ಎಂಬ ಅಲಂಕರಿಸಿದ ಕೋಲನ್ನು ಏರಿಸುತ್ತಾರೆ. ಹೀಗಾಗಿ ಮದುವೆಯಾಗಿ ಮೈಸೂರಿನಿಂದ ಪುಣೆಗೆ ಬಂದ ನನಗೆ ಹಬ್ಬದ ದಿನ ನೋಡಲು ಗೋಡೆಯ ಮೇಲಿನ ಮರಾಠಿ ಕ್ಯಾಲೆಂಡರ್ ಕಾಲನಿರ್ಣಯವೇ ಸಾಕಾಗುತ್ತದೆ. ತೊಡಕಿರುವುದು ಭಾದ್ರಪದದಲ್ಲಿ, ಅದೂ ಗೌರಿಯ ವಿಷಯದಲ್ಲಿ.

ನಮ್ಮ ಸ್ವರ್ಣಗೌರಿ ಬರುವುದು ಭಾದ್ರಪದ ಶುದ್ಧ ತದಿಗೆಯಂದು. ಮರುದಿನ ಚೌತಿಗೆ ಅವಳ ಮಗ ಬರುತ್ತಾನೆ. ಅದೇ ತದಿಗೆ ಇಲ್ಲಿನ ಹೆಂಗಸರಿಗೆ ಹರಿತಾಲಿಕಾ ವ್ರತ. ಪಾರ್ವತಿ ಮತ್ತು ಅವಳ ಸಖಿಯ ಮಣ್ಣಿನ ಮೂರ್ತಿಗಳನ್ನಿಟ್ಟು, ಮರಳಿನ ಲಿಂಗವನ್ನು ಪೂಜಿಸಿ, ದಿನವಿಡೀ ಉಪವಾಸವಿರುತ್ತಾರೆ. ನಾನು ಹದಿನಾರು ಗಂಟಿನ ದಾರ ಕಟ್ಟಿಕೊಂಡು, ಒಬ್ಬಟ್ಟು ಮಾಡಿ, ಪಕ್ಕದ ಮನೆಯ ಕಾಕೂ (ಚಿಕ್ಕಮ್ಮ ಎನ್ನುವ ಮರಾಠಿ ಪದ) ಅವರನ್ನು ಕರೆದರೆ ಅವರು ಅರಿಸಿನ ಕುಂಕುಮ ಮತ್ತು ಬಾಗಿನ ಸ್ವೀಕರಿಸುತ್ತಾರೆಯೇ ಹೊರತು ಎಲೆಯ ಮುಂದೆ ಕೂರುವಂತಿಲ್ಲ. ಅವರ ಪಾಲಿನ ಒಬ್ಬಟ್ಟು ಚೌತಿಯ ಬೆಳಿಗ್ಗೆ, ಪಾರಣೆಯಾದ ಮೇಲೆ ಅವರ ಮನೆ ಸೇರುತ್ತದೆ. ಬಾಗಿನದ ಮೊರಗಳು ಇಲ್ಲಿನ ಬುರುಡ ಆಳಿಯಲ್ಲಿ, ಅಂದರೆ ಬಿದಿರಿನ ಸಾಮಾನು ಮಾರುವ ಬೀದಿಯಲ್ಲಿ, ಸಿಗುತ್ತವೆ; ಬಿಚ್ಚೋಲೆ ಮತ್ತು ಕರಿಬಳೆಯ ಕಟ್ಟನ್ನು ಮಾತ್ರ ಅಮ್ಮ ಊರಿನಿಂದ ಕಳಿಸುತ್ತಾರೆ, ತವರಿನ ಬಾಗಿನದ ದುಡ್ಡಿನ ಜೊತೆಗೆ.

ಮರಾಠಿ ಮನೆಗಳಲ್ಲಿ ಗಣಪತಿ ಮೊದಲು ಬರುತ್ತಾನೆ, ಗೌರಿ ಆಮೇಲೆ. ಅವಳಿಗೆ ತಿಥಿಯ ಕಟ್ಟುಪಾಡಿಲ್ಲ. ಅನೂರಾಧಾ ನಕ್ಷತ್ರದಲ್ಲಿ ಆವಾಹನೆ, ಜ್ಯೇಷ್ಠಾದಲ್ಲಿ ಪೂಜೆ, ಮೂಲಾದಲ್ಲಿ ವಿಸರ್ಜನೆ. ತಿಥಿಯನ್ನು ನಿರ್ಧರಿಸುವುದು ಸೂರ್ಯ ಚಂದ್ರರ ನಡುವಿನ ಅಂತರ. ನಕ್ಷತ್ರಕ್ಕೆ ಚಂದ್ರನಿರುವ ಸ್ಥಾನವೊಂದೇ ಲೆಕ್ಕ. ಅಧಿಕ ಶ್ರಾವಣವಿದ್ದ 2023ರಲ್ಲಿ ಭಾದ್ರಪದ ತಡವಾಗಿ ಆರಂಭವಾಯಿತು. ಅಷ್ಟರಲ್ಲಿ ಸೂರ್ಯ ಮುಂದೆ ಸರಿದಿದ್ದರಿಂದ ಅಮಾವಾಸ್ಯೆಯಂದು ಅವನ ಜೊತೆಗಿದ್ದ ಚಂದ್ರ ಬೇಗನೆ ಅನೂರಾಧಾ ತಲುಪಿ, ಸೆಪ್ಟೆಂಬರ್ 19ರ ಗಣೇಶ ಚತುರ್ಥಿಯಾದ ಎರಡೇ ದಿನಕ್ಕೆ ಗೌರಿ ಬಂದಳು. 2025ರಲ್ಲಿ ಚೌತಿ ಆಗಸ್ಟ್ 27ಕ್ಕೇ ಬಂದುದರಿಂದ ಅವಳಿಗಾಗಿ 31ರವರೆಗೆ ಕಾಯಬೇಕಾಯಿತು. ಎಷ್ಟು ರಜೆ ಹಾಕಬೇಕೆಂಬ ನನ್ನ ಲೆಕ್ಕವೂ ಚಂದ್ರನನ್ನೇ ಅವಲಂಬಿಸಿದೆ ಎನ್ನಬಹುದು.

ಕಾಕೂ ಅವರದು ಮುಖವಾಡದ ಗೌರಿಯರು, ಇಬ್ಬರು. ಕೊಂಕಣಸ್ಥ ಬ್ರಾಹ್ಮಣರ ಕೆಲವು ಮನೆಗಳಲ್ಲಿ ನೀರಿನ ದಡದಿಂದ ತಂದ ಕಲ್ಲಿನ ಹರಳುಗಳೇ ಗೌರಿಯಾಗುತ್ತವೆ. ಬಾಗಿಲಿನಿಂದ ದೇವರ ಮುಂದಿನವರೆಗೆ ರಂಗೋಲಿಯ ಹೆಜ್ಜೆಗಳನ್ನು ಬರೆದು ಅವಳನ್ನು ಒಳಗೆ ಕರೆತರುತ್ತಾರೆ. ಬಂದ ದಿನ ಭಾಕರಿ ಎಂಬ ರೊಟ್ಟಿ ಮತ್ತು ಪಲ್ಯದ ನೈವೇದ್ಯ, ಮರುದಿನ ಪೂರಣಪೋಳಿ. ಆ ಮರುದಿನದ ಊಟಕ್ಕೆ ಮುತ್ತೈದೆಯಾಗಿ ನನಗೆ ಕರೆ ಬರುತ್ತದೆ. ಪೂರಣದ ಕಟ್ಟಿನಿಂದ ಮಾಡುವ ಅವರ ಆಮಟಿ ನಮ್ಮ ಒಬ್ಬಟ್ಟಿನ ಸಾರಿಗಿಂತ ಖಾರ ಹೆಚ್ಚು, ಮತ್ತು ನನ್ನ ಮಟ್ಟಿಗೆ ರುಚಿಯೂ ಹೆಚ್ಚು. ಇದನ್ನು ಅಮ್ಮನಿಗೆ ಹೇಳಿಲ್ಲ.