ಸತ್ತದ್ದು ಎಲ್ಲಿ ಅಂತ ಮೊದಲು ಕೇಳಬೇಕಿತ್ತು

ಕೇರಳದ ಗಡಿಯ ಮಂಜೇಶ್ವರದ ಹತ್ತಿರ ಒಂದು ಅಕ್ಷಯ ಕೇಂದ್ರದಲ್ಲಿ, ಅಂದರೆ ಸರ್ಕಾರಿ ಆನ್‌ಲೈನ್ ಸೇವೆಗಳ ಕೇಂದ್ರದಲ್ಲಿ, ನನ್ನ ಕೆಲಸ. ರೇಷನ್ ಕಾರ್ಡು, ಪಿಂಚಣಿ ಮಸ್ಟರಿಂಗ್ (ಪಿಂಚಣಿದಾರರು ಬದುಕಿದ್ದಾರೆ ಅಂತ ಖಚಿತಪಡಿಸುವುದು), ಕರೆಂಟ್ ಬಿಲ್ಲು ಎಲ್ಲ ನಮ್ಮ ಟೇಬಲ್ಲಿಗೇ ಬರುತ್ತದೆ. ಮರಣ ನೋಂದಣಿಯೂ ಬರುತ್ತದೆ. ಅದರಲ್ಲಿ ನಾನೇ ಒಮ್ಮೆ ಎಡವಿದ್ದೇನೆ.

ಒಬ್ಬರು ಅಕ್ಕ ಬಂದಿದ್ದರು. 'ಅಪ್ಪ ತೀರಿಕೊಂಡ್ರು, ಬೊಜ್ಜ ಮುಗೀತು, ಇನ್ನು ಸರ್ಟಿಫಿಕೇಟ್ ಮಾಡಿಸ್ಬೇಕು' ಅಂದರು (ಬೊಜ್ಜ ಅಂದರೆ ಉತ್ತರಕ್ರಿಯೆ). ಕೈಯಲ್ಲಿ ಅಪ್ಪನ ಆಧಾರ್ ಇತ್ತು. ನಾನು ಅದರಲ್ಲಿದ್ದ ಮನೆ ವಿಳಾಸವನ್ನೇ ಮರಣದ ಸ್ಥಳ ಅಂತ ಹಾಕಿ ನಮ್ಮ ಪಂಚಾಯತಿಗೆ ಅರ್ಜಿ ಕಳಿಸಿಬಿಟ್ಟೆ. ಕೆಲವು ದಿನ ಕಳೆದು ಅದು ವಾಪಸ್ ಬಂತು. ವಿಚಾರಿಸಿದರೆ, ಅವರ ಅಪ್ಪ ತೀರಿಕೊಂಡದ್ದು ಮಂಗಳೂರಿನ ಆಸ್ಪತ್ರೆಯಲ್ಲಿ.

ನಮ್ಮ ಊರಲ್ಲಿ ಜೋರು ಕಾಯಿಲೆ ಅಂದರೆ ಗಾಡಿ ತಿರುಗುವುದೇ ಕರ್ನಾಟಕದ ಗಡಿ ತಲಪಾಡಿ ಕಡೆಗೆ. ಇದು ಗೊತ್ತಿದ್ದೂ ನಾನು ಒಂದು ಮಾತು ಕೇಳಲಿಲ್ಲ. 1969ರ ಜನನ ಮರಣ ನೋಂದಣಿ ಕಾಯ್ದೆಗೆ ಆ ಜೀವ ಎಲ್ಲಿ ಬದುಕಿತ್ತು ಅನ್ನುವುದು ಮುಖ್ಯ ಅಲ್ಲ. ಎಲ್ಲಿ ಹೋಯಿತೋ ಅಲ್ಲಿಯ ರಿಜಿಸ್ಟ್ರಾರ್ ಬಳಿಯೇ ದಾಖಲಾಗಬೇಕು. ಆಸ್ಪತ್ರೆಯಲ್ಲಾದರೆ ತಿಳಿಸುವ ಜವಾಬ್ದಾರಿ ಆಸ್ಪತ್ರೆಯದ್ದು, ಮನೆಯಲ್ಲಾದರೆ ಮನೆಯ ಯಜಮಾನರದ್ದು. ಹಾಗಾಗಿ ಆ ಅಪ್ಪನ ಹೆಸರು ಆಗಲೇ ಗಡಿಯಾಚೆ ದಾಖಲಾಗಿತ್ತು. ನಾನು ಈಚೆ ಸುಮ್ನೆ ಇನ್ನೊಂದು ಸಲ ಸಾಯಿಸಲು ಹೊರಟಿದ್ದೆ.

ಅಲ್ಲಿಂದ ಸರ್ಟಿಫಿಕೇಟ್ ತರಿಸಿದರೆ ಬೇರೆಯೇ ಕಥೆ. ಅದರಲ್ಲಿ 'ಐತಪ್ಪ ಎಸ್' ಅಂತಿದೆ (ಹೆಸರು ಬದಲಿಸಿದ್ದೇನೆ). ಬ್ಯಾಂಕ್ ಪಾಸ್‌ಬುಕ್ಕಲ್ಲಿ 'ಐತಪ್ಪ ಶೆಟ್ಟಿ'. ರಾತ್ರಿ ಎರಡು ಗಂಟೆಗೆ ಅಡ್ಮಿಟ್ ಮಾಡುವಾಗ ಅಳಿಯ ಗಡಿಬಿಡಿಯಲ್ಲಿ ಚೀಟಿ ತುಂಬಿಸಿದ್ದನಂತೆ. ಪಾಪ, ಆ ಹೊತ್ತಿಗೆ ಯಾರು ಆಧಾರ್ ನೋಡಿ ಬರೆಯುತ್ತಾರೆ? ಆದರೆ ಆ ಚೀಟಿಯ ಹೆಸರೇ ಆಸ್ಪತ್ರೆಯ ವರದಿಗೆ ಹೋಗಿತ್ತು, ವರದಿಯಿಂದ ರಿಜಿಸ್ಟರಿಗೂ. ನಮ್ಮವರಿಗೆ ಹೆಸರಿನ ತಾಪತ್ರಯ ಮೊದಲೇ ಜಾಸ್ತಿ. ಶಾಲೆಯಲ್ಲಿ ಕನ್ನಡ, ರೇಷನ್ ಕಾರ್ಡಲ್ಲಿ ಮಲಯಾಳ, ಬ್ಯಾಂಕಲ್ಲಿ ಇಂಗ್ಲಿಷ್. 'ಶಂಕರ' ದಾಟಿ ಬರುವಷ್ಟರಲ್ಲಿ 'ಸಂಕರ' ಆಗಿರುತ್ತಾನೆ.

ತಪ್ಪಾದರೆ ತಿದ್ದಲಿಕ್ಕಾಗುತ್ತದೆ, ಕಾಯ್ದೆಯ 15ನೇ ಸೆಕ್ಷನ್ ಇರುವುದೇ ಅದಕ್ಕೆ. ಆದರೆ ತಿದ್ದುವುದೂ ನೋಂದಣಿ ಆದ ಕಡೆಯೇ. ಆ ಅಕ್ಕ ದಾಖಲೆ ಹಿಡಿದು ಮೂರು ಸಲ ಮಂಗಳೂರಿನ ಬಸ್ ಹತ್ತಿದರು. ಬಸ್ ಚಾರ್ಜ್ ನಾನು ಕೊಡುತ್ತೇನೆ ಅಂದರೆ ನಕ್ಕುಬಿಟ್ಟರು.

ಮನೆಯಲ್ಲಿ ತೀರಿಕೊಂಡಾಗ ತೊಂದರೆ ಬರುವುದು ದಿನದ ಲೆಕ್ಕದಲ್ಲಿ. 21 ದಿನದೊಳಗೆ ತಿಳಿಸಬೇಕು. 'ಬೊಜ್ಜ ಮುಗಿಯಲಿ' ಅಂತ ಕಾಯುತ್ತಾರೆ. ಅದು ಮುಗಿದು ನೆಂಟರೆಲ್ಲ ಹೊರಟು ಪಾತ್ರೆ ಶಾಮಿಯಾನ ಲೆಕ್ಕ ತೀರಿಸುವಾಗ 21 ಕಳೆದಿರುತ್ತದೆ. 30 ದಿನದವರೆಗೆ ಲೇಟ್ ಫೀಸು ಕಟ್ಟಿದರೆ ಸಾಕು. ಆಮೇಲೆ ಒಂದು ವರ್ಷದವರೆಗೆ ಜಿಲ್ಲಾ ರಿಜಿಸ್ಟ್ರಾರ್ ಮಟ್ಟದ ಲಿಖಿತ ಅನುಮತಿ ಬೇಕು. ವರ್ಷ ದಾಟಿದರೆ ಜಿಲ್ಲಾ ಮ್ಯಾಜಿಸ್ಟ್ರೇಟ್ ಅಥವಾ ಸಬ್ ಡಿವಿಷನಲ್ ಮ್ಯಾಜಿಸ್ಟ್ರೇಟರ ಕಡೆಯಿಂದ ಆದೇಶ ಆಗಬೇಕು. 2023ರ ಅಕ್ಟೋಬರ್ 1ಕ್ಕೆ ಜಾರಿಗೆ ಬಂದ ತಿದ್ದುಪಡಿಯ ನಂತರ ಇದೇ ದಾರಿ.

ಇನ್ನೊಂದು ಪ್ರಶ್ನೆ ದಿನಾ ಬರುತ್ತದೆ: 'ಯಾವುದರಿಂದ ತೀರಿಕೊಂಡ್ರು ಅಂತ ಇದ್ರಲ್ಲಿ ಯಾಕಿಲ್ಲ?' ಮರಣ ಪ್ರಮಾಣಪತ್ರದಲ್ಲಿ ಕಾರಣ ಹಾಕುವಂತಿಲ್ಲ, ಕಾಯ್ದೆಯೇ ಹಾಗಿದೆ. ನನಗಂತೂ ಅದು ಸರಿ ಅನಿಸುತ್ತದೆ. ರೇಷನ್ ಕಾರ್ಡಿಂದ ಹೆಸರು ತೆಗೆಸಲು ಬಂದವರ ಕಾಯಿಲೆ ನನಗೆ ಯಾಕೆ ಗೊತ್ತಾಗಬೇಕು?

ಮೊನ್ನೆ ಒಬ್ಬ ಹುಡುಗ ಬಂದಿದ್ದ, ಅಜ್ಜಿಯ ವಿಷಯಕ್ಕೆ. ಈ ಸಲ ಆಧಾರ್ ಮುಟ್ಟುವ ಮೊದಲೇ ಕೇಳಿದೆ, 'ಎಲ್ಲಿ ಹೋದ್ರು ಮಾರಾಯ?'

'ಆಂಬುಲೆನ್ಸಲ್ಲೇ ಅಣ್ಣ. ತೊಕ್ಕೊಟ್ಟು ದಾಟುವಾಗ ಉಸಿರಿರಲಿಲ್ಲ.'

ತೊಕ್ಕೊಟ್ಟು ಗಡಿಯಾಚೆ, ಮಂಗಳೂರಿನ ದಾರಿಯಲ್ಲಿ. ಓಡುವ ಗಾಡಿಯಲ್ಲಾದರೆ ಗಾಡಿ ಮೊದಲು ನಿಂತ ಜಾಗದಲ್ಲಿ ತಿಳಿಸಬೇಕು, ಅದು ಗಾಡಿಯ ಹೊಣೆ ಹೊತ್ತವರ ಕೆಲಸ.

'ಆಮೇಲೆ ಮೊದಲು ಎಲ್ಲಿ ನಿಲ್ಲಿಸಿದ್ರು?'

ಅವನಿಗೆ ನೆನಪಿಲ್ಲ. ಡ್ರೈವರಿಗೆ ಫೋನ್ ಮಾಡಿ ಸ್ಪೀಕರಲ್ಲಿಟ್ಟ.