ಆ ಫೈಲನ್ನು ಅಲ್ಲಿ ಇಟ್ಟವರು ಯಾರು?

ಮಾರ್ಚ್ ಕೊನೆಯ ವಾರ ಮಂಗಳೂರಿನ ಬಂದರಿನಲ್ಲಿ ಯಾರ ಕಂಪ್ಯೂಟರೂ ಕೆಡಬಾರದು. ಕೆಟ್ಟರೆ ಅಂಗಡಿಯವರ ಮುಖ ನೋಡಲಾಗುವುದಿಲ್ಲ. ನಾನು ಸರ್ವೀಸ್ ಕೆಲಸಕ್ಕೆ ಸೇರಿ ಎಂಟು ತಿಂಗಳಾಗಿತ್ತು. ಸಾಂಬಾರ ಪದಾರ್ಥಗಳ ಸಗಟು ಅಂಗಡಿಯೊಂದರಲ್ಲಿ ಬಿಲ್ಲಿಂಗ್ ತಂತ್ರಾಂಶ ತೆರೆಯುತ್ತಿಲ್ಲವೆಂದು ಕರೆ ಬಂತು. ಸ್ಟೇಟ್ ಬ್ಯಾಂಕ್ ಬಸ್ ನಿಲ್ದಾಣದಲ್ಲಿ ಇಳಿದು, ಒಣಮೆಣಸಿನ ಮೂಟೆಗಳ ನಡುವೆ ಸೀನುತ್ತಾ ಒಳಗೆ ಹೋದೆ. ಪರದೆಯ ಮೇಲೆ ಸಂದೇಶವೊಂದು ಕುಳಿತಿತ್ತು: ವಿಸಿರನ್‌ಟೈಮ್140 ಎಂಬ ಡಿಎಲ್‌ಎಲ್ ಫೈಲು ಸಿಗುತ್ತಿಲ್ಲ.

ಸಿಗುತ್ತಿಲ್ಲವಾದರೆ ತಂದಿಟ್ಟರಾಯಿತು. ನನ್ನ ಆಗಿನ ತಿಳಿವಳಿಕೆ ಅಷ್ಟೇ.

ಫೈಲಿನ ಹೆಸರನ್ನು ಹುಡುಕಿದೆ. ಡಿಎಲ್‌ಎಲ್‌ಗಳನ್ನು ಬಿಡಿಬಿಡಿಯಾಗಿ ಹಂಚುವ ತಾಣವೊಂದು ಸಿಕ್ಕಿತು. ಮೊದಲು ಕಂಡ ಗುಂಡಿ ಒತ್ತಿ ಫೈಲನ್ನು ಇಳಿಸಿ, ವಿಂಡೋಸ್‌ನ ಸಿಸ್ಟಮ್32 ಫೋಲ್ಡರಿಗೆ ಹಾಕಿದೆ. ಅದೇ ಸಂದೇಶ. ಪಕ್ಕದ ಸಿಸ್‌ವಾವ್64 ಫೋಲ್ಡರಿಗೂ ಒಂದು ಪ್ರತಿ ಹಾಕಿದೆ. ಈಗ ಸಂದೇಶ ಬದಲಾಯಿತು. 7ಬಿ ಎಂದು ಕೊನೆಗೊಳ್ಳುವ ಉದ್ದದ ಕೋಡ್ ಬಂತು. ಬದಲಾದದ್ದನ್ನೇ ಪ್ರಗತಿ ಎಂದುಕೊಂಡೆ. ಡಿಎಲ್‌ಎಲ್‌ಗಳನ್ನು ವಿಂಡೋಸ್‌ನಲ್ಲಿ ನೋಂದಾಯಿಸುವ ರೆಗ್‌ಎಸ್‌ವಿಆರ್32 ಆಜ್ಞೆ ಕೊಟ್ಟೆ. ನೋಂದಣಿಯ ಪ್ರವೇಶಬಿಂದುವೇ ಈ ಫೈಲಿನಲ್ಲಿ ಇಲ್ಲ ಎಂದಿತು. ವಿಂಡೋಸ್ ತನ್ನ ಫೈಲುಗಳನ್ನು ತಾನೇ ಪರೀಕ್ಷಿಸಿಕೊಳ್ಳುವ ಎಸ್‌ಎಫ್‌ಸಿ ಸ್ಕ್ಯಾನ್ ಓಡಿಸಿದೆ. ವಿಂಡೋಸ್‌ನಲ್ಲಿ ಯಾವ ದೋಷವೂ ಇಲ್ಲವೆಂದು ಪ್ರಮಾಣಪತ್ರ ಕೊಟ್ಟಿತು. ಅಂಗಡಿಯ ಧಣಿಗಳು ಬಿಲ್ ಪುಸ್ತಕ ತೆಗೆದು ಕೈಯಲ್ಲೇ ಬರೆಯಲು ಆರಂಭಿಸಿದ್ದರು. ಅವರೇನೂ ಬೈಯಲಿಲ್ಲ, ಪೆನ್ನನ್ನು ಮಾತ್ರ ಸ್ವಲ್ಪ ಜೋರಾಗಿ ಒತ್ತುತ್ತಿದ್ದರು.

ನಮ್ಮ ಹಿರಿಯ ಟೆಕ್ನಿಷಿಯನ್‌ಗೆ ಫೋನ್ ಮಾಡಿದೆ. ಎಲ್ಲವನ್ನೂ ಕೇಳಿಸಿಕೊಂಡು ಒಂದೇ ಪ್ರಶ್ನೆ ಕೇಳಿದರು: "ಆ ಫೈಲನ್ನು ಮೊದಲು ಅಲ್ಲಿ ಇಟ್ಟದ್ದು ಯಾರು ಮಾರಾಯ?"

ನನ್ನ ಬಳಿ ಉತ್ತರವಿರಲಿಲ್ಲ. ಫೈಲಿಗೆ ಹೆಸರಿದೆ, ಜಾಗವಿದೆ ಎಂದಷ್ಟೇ ಗೊತ್ತಿತ್ತು. ತಂದವರೊಬ್ಬರು ಇರುತ್ತಾರೆ ಎಂದು ಹೊಳೆದೇ ಇರಲಿಲ್ಲ.

ಮದುವೆಯ ಊಟಕ್ಕೆಂದು ಯಾರೂ ಕೊಪ್ಪರಿಗೆ ಕೊಂಡುಕೊಳ್ಳುವುದಿಲ್ಲ, ದೇವಸ್ಥಾನದ್ದನ್ನೇ ತರುತ್ತಾರೆ. ಡಿಎಲ್‌ಎಲ್ ಕೂಡ ಹಾಗೆಯೇ, ಹತ್ತು ತಂತ್ರಾಂಶಗಳಿಗೆ ಬೇಕಾಗುವ ಕೆಲಸವನ್ನು ಒಂದು ಕಡೆ ಬರೆದಿಟ್ಟಿರುವ ಫೈಲು. ಕಿಟಕಿ ತೆರೆಯಲು ಯೂಸರ್32, ಮೆಮೊರಿ ಕೇಳಲು ಕರ್ನಲ್32. ಇವು ವಿಂಡೋಸ್‌ನ ಸ್ವಂತ ಆಸ್ತಿ, ಕೆಟ್ಟರೆ ಎಸ್‌ಎಫ್‌ಸಿ ಸರಿಪಡಿಸುತ್ತದೆ. ವಿಸಿರನ್‌ಟೈಮ್140 ಹಾಗಲ್ಲ. ಮೈಕ್ರೋಸಾಫ್ಟ್‌ನದೇ ಆದರೂ, ಸಿ++ ಭಾಷೆಯಲ್ಲಿ ಬರೆದ ತಂತ್ರಾಂಶಗಳಿಗೆ ಬೇಕಾದ ಫೈಲುಗಳನ್ನು ತರುವ ವಿಷುವಲ್ ಸಿ++ ರೀಡಿಸ್ಟ್ರಿಬ್ಯೂಟಬಲ್ ಎಂಬ ಬೇರೆ ಪ್ಯಾಕೇಜಿನ ಜೊತೆ ಬರುತ್ತದೆ; 2015ರ ಆವೃತ್ತಿಯಿಂದ ಈಚಿನವೆಲ್ಲ 140 ಎಂಬ ಇದೇ ಸಂಖ್ಯೆಯನ್ನು ಇಟ್ಟುಕೊಂಡಿವೆ. 2010ರದ್ದು 100, 2013ರದ್ದು 120. ಎಸ್‌ಎಫ್‌ಸಿ ನನಗೆ ಸುಳ್ಳು ಹೇಳಿರಲಿಲ್ಲ, ಅದು ತನ್ನ ಮನೆಯ ಪಾತ್ರೆಗಳನ್ನಷ್ಟೇ ಎಣಿಸಿತ್ತು.

ಇನ್ನೊಂದು ವಿಷಯ ತಿಳಿದಾಗ ನಗು ಬಂತು. ತಂತ್ರಾಂಶಗಳಲ್ಲಿ ಹಳೆಯ 32 ಬಿಟ್, ಹೊಸ 64 ಬಿಟ್ ಎಂದು ಎರಡು ಬಗೆ; ಒಂದರ ಡಿಎಲ್‌ಎಲ್ ಇನ್ನೊಂದಕ್ಕೆ ಹೊಂದುವುದಿಲ್ಲ. ಹೆಸರಿನಲ್ಲಿ 32 ಇರುವ ಫೋಲ್ಡರಿನಲ್ಲಿರುವುದು 64 ಬಿಟ್ ಫೈಲುಗಳು, 64 ಇರುವ ಫೋಲ್ಡರಿನಲ್ಲಿ 32 ಬಿಟ್ ಫೈಲುಗಳು! ಹಳೆಯ ತಂತ್ರಾಂಶಗಳು ಸಿಸ್ಟಮ್32 ಎಂಬ ಹೆಸರನ್ನು ನೆಚ್ಚಿಕೊಂಡಿದ್ದರಿಂದ 64 ಬಿಟ್ ಕಾಲಕ್ಕೂ ಆ ಹೆಸರು ಉಳಿಯಿತು. 32 ಬಿಟ್ ತಂತ್ರಾಂಶ ಸಿಸ್ಟಮ್32ಕ್ಕೆ ಹೋದರೆ ವಿಂಡೋಸ್ ಅದನ್ನು ಸದ್ದಿಲ್ಲದೆ ಸಿಸ್‌ವಾವ್64ಕ್ಕೆ ಕಳಿಸುತ್ತದೆ. ಅಂಗಡಿಯ ಬಿಲ್ಲಿಂಗ್ ತಂತ್ರಾಂಶ 32 ಬಿಟ್, ನಾನು ಇಳಿಸಿದ್ದು 64. ಮೊದಲ ಸಲ ಫೈಲು ಅದರ ಕಣ್ಣಿಗೇ ಬೀಳಲಿಲ್ಲ. ಎರಡನೆಯ ಸಲ ಕಣ್ಣಿಗೆ ಬಿತ್ತು, ಅಳತೆ ಕೂಡಲಿಲ್ಲ. 7ಬಿ ಬಂದದ್ದು ಅದಕ್ಕೆ. ಇನ್ನು ರೆಗ್‌ಎಸ್‌ವಿಆರ್32 ಬೇಕಾಗುವುದು ನೋಂದಣಿಯ ವ್ಯವಸ್ಥೆಯನ್ನು ಒಳಗೇ ಇಟ್ಟುಕೊಂಡ ಕಾಮ್ ಜಾತಿಯ ಡಿಎಲ್‌ಎಲ್‌ಗಳಿಗೆ ಮಾತ್ರ. ಕಂಡ ಡಿಎಲ್‌ಎಲ್‌ಗೆಲ್ಲ ಅದನ್ನು ಓಡಿಸುವವರು ಇಂದಿಗೂ ಇದ್ದಾರೆ.

"ನೀನು ತಂದದ್ದರ ಪ್ರಾಪರ್ಟೀಸ್ ತೆರೆದು ನೋಡು" ಎಂದರು ಫೋನಿನಲ್ಲಿದ್ದ ಹಿರಿಯರು. ಫೈಲು ಅಸಲಿ ಎಂದು ತೋರಿಸಲು ಮೈಕ್ರೋಸಾಫ್ಟ್ ಫೈಲಿನಲ್ಲಿ ಇರಬೇಕಾದ ಡಿಜಿಟಲ್ ಸಿಗ್ನೇಚರ್ ಟ್ಯಾಬ್ ಅಲ್ಲಿ ಇರಲೇ ಇಲ್ಲ. ಯಾರು ಮುಟ್ಟಿದ ಫೈಲೋ, ಒಳಗೆ ಏನಿತ್ತೋ! ವರ್ಷದ ಲೆಕ್ಕವೆಲ್ಲ ಇರುವ ಕಂಪ್ಯೂಟರಿನ ಸಿಸ್ಟಮ್ ಫೋಲ್ಡರಿಗೆ ನಾನೇ ಅಡ್ಮಿನ್ ಅನುಮತಿ ಕೊಟ್ಟು ಅದನ್ನು ಒಳಗೆ ಬಿಟ್ಟಿದ್ದೆ. ಮೆಣಸಿನ ಘಾಟಿಗೆ ಬಾರದ ಬೆವರು ಆಗ ಬಂತು.

ಎರಡೂ ಪ್ರತಿಗಳನ್ನು ಅಳಿಸಿದೆ. ಅಳಿಸದೆ ಬಿಡುವಂತಿಲ್ಲ, ಅದೇ ಅಥವಾ ಇನ್ನೂ ಹೊಸ ಆವೃತ್ತಿಯ ಫೈಲು ಮೊದಲೇ ಕುಳಿತಿದ್ದರೆ ಇನ್‌ಸ್ಟಾಲರ್ ಸಾಮಾನ್ಯವಾಗಿ ಅದನ್ನು ಮುಟ್ಟದೆ ಮುಂದೆ ಹೋಗುತ್ತದೆ. ಪೂರ್ತಿ ವೈರಸ್ ಸ್ಕ್ಯಾನ್ ಮಾಡಿಸಿ, ಮೈಕ್ರೋಸಾಫ್ಟ್ ತಾಣದಿಂದಲೇ ಪ್ಯಾಕೇಜನ್ನು ಎಕ್ಸ್86 (32 ಬಿಟ್), ಎಕ್ಸ್64 (64 ಬಿಟ್) ಎರಡೂ ರೂಪಗಳಲ್ಲಿ ಇಳಿಸಿ ಹಾಕಿದೆ. ಸ್ಕ್ಯಾನಿಗೆ ಹಿಡಿದ ಹೊತ್ತಿನ ಮುಂದೆ ಇನ್‌ಸ್ಟಾಲ್ ಏನೇನೂ ಅಲ್ಲ. ಬಿಲ್ಲಿಂಗ್ ತೆರೆಯಿತು. ಧಣಿಗಳು ಕೈಬರಹದ ಹದಿನೇಳು ಬಿಲ್ಲುಗಳನ್ನು ನನ್ನ ಮುಂದಿಟ್ಟು, "ಇವನ್ನೂ ಹಾಕಿಬಿಡಿ" ಎಂದರು. ಹಾಕಿದೆ.

ಫೈಲು ಹೋದದ್ದು ಹೇಗೆಂದು ಸಂಜೆ ತಿಳಿಯಿತು. ಧಣಿಗಳ ಅಳಿಯ ಹಿಂದಿನ ರಾತ್ರಿ ಕಂಪ್ಯೂಟರ್ ಸ್ವಚ್ಛ ಮಾಡಲು ಕುಳಿತಿದ್ದ. ಪ್ರೋಗ್ರಾಮ್‌ಗಳ ಪಟ್ಟಿಯಲ್ಲಿ ವಿಷುವಲ್ ಸಿ++ ಎಂಬ ಹೆಸರು ಸಾಲುಸಾಲಾಗಿ ಕಂಡಿತು. ಒಂದೇ ವಸ್ತು ಇಷ್ಟು ಸಲ ಏಕೆ ಎಂದು ತೆಗೆಯುತ್ತಾ ಹೋಗಿದ್ದಾನೆ. ಅವನನ್ನು ದೂರುವ ಬಾಯಿ ನನಗಿರಲಿಲ್ಲ.

ಮೇ ತಿಂಗಳಲ್ಲಿ ಅವನೇ ಫೋನ್ ಮಾಡಿದ. "ಅಣ್ಣ, ಈ ಪಟ್ಟಿಯಲ್ಲಿ ಒಂದೇ ಇಸವಿಯದು ಎರಡೆರಡು ಇದೆ. ಒಂದನ್ನು ತೆಗೆಯಲೇ?"

"ಹೆಸರಿನ ಕೊನೆಯವರೆಗೆ ಓದಿ ಹೇಳು."

ಓದಿದ. ಒಂದರ ಬಾಲದಲ್ಲಿ ಎಕ್ಸ್86 ಇತ್ತು, ಇನ್ನೊಂದರಲ್ಲಿ ಎಕ್ಸ್64. ಸ್ವಲ್ಪ ಹೊತ್ತು ಸುಮ್ಮನಿದ್ದು, "ಹಾಗಾದರೆ ಯಾವುದನ್ನೂ ಮುಟ್ಟುವುದಿಲ್ಲ ಅಣ್ಣ" ಎಂದು ಫೋನ್ ಇಟ್ಟ.